ಯಾರ ಜೊತೆ ಕುಣಿಯುತ್ತೀರಿ?

ಪ್ರಶ್ನೆ: ನನಗೆ 23 ವರ್ಷ, ದಾವಣಗೆರೆಯವಳು. ಚಿಕ್ಕಂದಿನಿಂದ ಭರತನಾಟ್ಯ ಕಲಿತು ಸೀನಿಯರ್ ಪರೀಕ್ಷೆ ಪಾಸಾಗಿದ್ದೇನೆ. ಬಿ.ಕಾಂ. ಮುಗಿಸಿ ಆಡಿಟರ್ ಕಚೇರಿಯೊಂದರಲ್ಲಿ ಕೆಲಸ ಮಾಡುತ್ತಿದ್ದೇನೆ. ಕಳೆದ ವರ್ಷ ಬೆಂಗಳೂರಿನಲ್ಲಿ ಸಮಕಾಲೀನ ನೃತ್ಯದ ಪ್ರದರ್ಶನ ನೋಡಿದ ಮೇಲೆ ಇದೇ ನನ್ನ ದಾರಿ ಅನಿಸಿಬಿಟ್ಟಿದೆ. ಈ ವಯಸ್ಸಿಗೆ ಶುರು ಮಾಡುವುದು ತಡವಾಯಿತೇ? ಊರು ಬಿಡಲೇಬೇಕೇ? ಒಂದು ಕಾರ್ಯಾಗಾರಕ್ಕೆ ಹೋಗಿದ್ದಾಗ ಎಲ್ಲರೂ ‘ಕಮ್ಯುನಿಟಿ, ಕಮ್ಯುನಿಟಿ’ ಅನ್ನುತ್ತಿದ್ದರು. ಕುಣಿಯುವವಳು ನಾನೊಬ್ಬಳೇ ತಾನೇ, ಸಮುದಾಯದಿಂದ ನಿಜವಾಗಿ ಆಗುವುದೇನು? ಇನ್ನು ನಮ್ಮಪ್ಪ ಕೇಳುವುದು ಒಂದೇ: ಹೊಟ್ಟೆಪಾಡು ಹೇಗೆ?

ಉತ್ತರ: ನಿಮ್ಮ ಮೂರನೆಯ ಪ್ರಶ್ನೆಯನ್ನು ಮೊದಲು ತೆಗೆದುಕೊಳ್ಳುತ್ತೇನೆ. ಉಳಿದವುಗಳ ಉತ್ತರ ಅದರ ಬೆನ್ನಿಗೇ ಬರುತ್ತದೆ. ಸಮಕಾಲೀನ ನೃತ್ಯ ಅಂದರೆ ಒಬ್ಬೊಬ್ಬರೂ ತಮ್ಮ ದೇಹದ ಮಾತನ್ನು ತಾವೇ ಹುಡುಕಿಕೊಳ್ಳುವ ಕಲೆ ಎಂದು ನಾವೆಲ್ಲ ಕೇಳಿಕೊಂಡು ಬಂದಿದ್ದೇವೆ. ಅದು ಸುಳ್ಳೇನಲ್ಲ. ಆದರೆ ಇಷ್ಟು ವರ್ಷ ಕಲಿಸುತ್ತ, ತಂಡ ಕಟ್ಟುತ್ತ ನಾನು ಕಂಡದ್ದು ಬೇರೆ. ಪ್ರತಿಭೆ ಸಾಲದೆ ಈ ಕ್ಷೇತ್ರ ಬಿಟ್ಟವರನ್ನು ನಾನು ನೋಡಿದ್ದು ಕಡಿಮೆ. ಬೆಳಗ್ಗೆ ಎದ್ದು ಒಟ್ಟಿಗೆ ಅಭ್ಯಾಸ ಮಾಡಲು ಜನ ಇಲ್ಲದೆ, ಮಾಡಿದ್ದನ್ನು ನೋಡಿ ಏನಾದರೂ ಹೇಳುವವರಿಲ್ಲದೆ ಬಿಟ್ಟವರೇ ಹೆಚ್ಚು. ಯಾವ ತಂಡ ನಿಮ್ಮನ್ನು ಆರಿಸಿಕೊಳ್ಳುತ್ತದೆ ಎಂದು ಯೋಚಿಸುವ ಮೊದಲು ಯಾರ ಜೊತೆ ಕುಣಿಯುತ್ತೀರಿ ಎಂದು ಯೋಚಿಸಿ.

ನಮ್ಮ ಕರಾವಳಿಯ ಯಕ್ಷಗಾನ ಮೇಳವನ್ನು ನೋಡಿ. ಮೇಳಕ್ಕೆ ಸೇರಿದ ಹುಡುಗ ಮೊದಲ ರಾತ್ರಿಯೇ ಕರ್ಣನಾಗುವುದಿಲ್ಲ. ಪೂರ್ವರಂಗದಲ್ಲಿ ಕೋಡಂಗಿಯಾಗಿ, ಬಾಲಗೋಪಾಲನಾಗಿ, ಜನ ಇನ್ನೂ ಬಂದು ಕೂರುತ್ತಿರುವಾಗಲೇ ಅವನ ಹೆಜ್ಜೆ ಗಟ್ಟಿಯಾಗುತ್ತದೆ. ವೇಷ ಕಟ್ಟುವ ಕೋಣೆಯಾದ ಚೌಕಿಯಲ್ಲಿ ಹಿರಿಯರು ಬಣ್ಣ ಬರೆದುಕೊಳ್ಳುವುದನ್ನು ನೋಡುತ್ತಾನೆ, ವೇಷ ಕಟ್ಟುವುದಕ್ಕೆ ಕೈಜೋಡಿಸುತ್ತಾನೆ, ಭಾಗವತರ ಪದಕ್ಕೆ ಅವನ ಕಿವಿ ಪಳಗುತ್ತದೆ. ವರ್ಷ ಕಳೆದ ಹಾಗೆ ವೇಷ ದೊಡ್ಡದಾಗುತ್ತದೆ. ಹರಕೆ ಆಟ ಆಡಿಸುವ ಮನೆಯವರು, ಪ್ರಸಂಗ ಬಾಯಿಪಾಠ ಇರುವ ಪ್ರೇಕ್ಷಕರು, ತಿರುಗಾಟ ಮುಗಿಯುವ ಪತ್ತನಾಜೆಗೆ ಗೆಜ್ಜೆ ಬಿಚ್ಚುವ ತನಕ ಜೊತೆಗೆ ತಿರುಗುವ ಕಲಾವಿದರು, ಇಷ್ಟೂ ಜನ ಸೇರಿ ಒಬ್ಬ ಕಲಾವಿದನ ವೃತ್ತಿಯನ್ನು ಹೊತ್ತಿರುತ್ತಾರೆ. ಮೇಳದ ಬದುಕು ಸಲೀಸು ಎಂದು ನಾನು ಹೇಳುತ್ತಿಲ್ಲ. ನಿದ್ದೆಗೆಟ್ಟ ರಾತ್ರಿಗಳು, ಕೈಗೆ ಹತ್ತದ ಸಂಬಳ, ಹೆಣ್ಣುಮಕ್ಕಳಿಗೆ ಬಹುಕಾಲ ಮುಚ್ಚಿದ್ದ ಬಾಗಿಲು, ಎಲ್ಲವೂ ಅಲ್ಲಿದ್ದವು. ಆದರೆ ಹೊಸಬರು ಎಲ್ಲಿಂದ ಹತ್ತಬೇಕು ಎನ್ನುವುದು ಅಲ್ಲಿ ಎಲ್ಲರಿಗೂ ಗೊತ್ತಿತ್ತು.

ಸಮಕಾಲೀನ ನರ್ತಕರಿಗೆ ಅದು ಇಲ್ಲ. ಕೋಡಂಗಿ ವೇಷವಿಲ್ಲ, ಚೌಕಿಯಿಲ್ಲ, ನೇರವಾಗಿ ಆಡಿಷನ್. ಕಲಿಯುತ್ತಲೇ ರಂಗಕ್ಕೆ ಇಳಿಯುವ ಅವಕಾಶ, ಹಿರಿಯರನ್ನು ಹತ್ತಿರದಿಂದ ನೋಡುವ ಜಾಗ, ಬಲ್ಲ ಪ್ರೇಕ್ಷಕರು, ಇವನ್ನೆಲ್ಲ ನಾವೇ ಕಟ್ಟಿಕೊಳ್ಳಬೇಕು. ಕಾರ್ಯಾಗಾರದಲ್ಲಿ ‘ಕಮ್ಯುನಿಟಿ’ ಅಂದವರ ಮನಸ್ಸಿನಲ್ಲಿ ಇದ್ದದ್ದೂ ಇದೇ ಇರಬೇಕು.

ಸಮಕಾಲೀನ ನರ್ತಕ ಅಸ್ತಾದ್ ದೇಬೂ ಅವರ ಬದುಕು ನಿಮಗೆ ಗೊತ್ತಿರಲೇಬೇಕು. 1947ರಲ್ಲಿ ಗುಜರಾತಿನ ನವಸಾರಿಯಲ್ಲಿ ಪಾರ್ಸಿ ಕುಟುಂಬದಲ್ಲಿ ಹುಟ್ಟಿದವರು, ಬೆಳೆದದ್ದು ಜಮ್ಶೆಡ್‌ಪುರದಲ್ಲಿ. ಚಿಕ್ಕಂದಿನಲ್ಲಿ ಕಥಕ್ ಕಲಿತರು. ಮುಂಬೈಯಲ್ಲಿ, ನಿಮ್ಮ ಹಾಗೆಯೇ, ವಾಣಿಜ್ಯ ಓದಿದರು. ಅಲ್ಲಿಗೆ ಬಂದಿದ್ದ ಅಮೆರಿಕದ ಮರ್ರೆ ಲೂಯಿ ಅವರ ತಂಡದ ಪ್ರದರ್ಶನ ನೋಡಿ ಮನಸ್ಸು ಹರಿಯಿತು. 1969ರಲ್ಲಿ, ಇಪ್ಪತ್ತೆರಡರ ಆಸುಪಾಸಿನಲ್ಲಿ, ಸರಕು ಹಡಗು ಹತ್ತಿ ದೇಶ ಬಿಟ್ಟರು. ಲಂಡನ್ನಿನಲ್ಲಿ ಮಾರ್ಥಾ ಗ್ರಹಾಂ ಪದ್ಧತಿ, ನ್ಯೂಯಾರ್ಕಿನಲ್ಲಿ ಹೊಸೆ ಲಿಮೋನ್ ಪದ್ಧತಿ ಕಲಿತು, ದೇಶದೇಶ ಸುತ್ತಿ, 1977ರ ಹೊತ್ತಿಗೆ ಹಿಂದಿರುಗಿ ಕೇರಳದಲ್ಲಿ ಇ.ಕೆ. ಪಣಿಕ್ಕರ್ ಅವರಲ್ಲಿ ಕಥಕ್ಕಳಿಗೆ ಕೂತರು. ಮೂವತ್ತರ ಗಂಡಸು ಮತ್ತೆ ವಿದ್ಯಾರ್ಥಿಯಾದದ್ದು! ನಿಮಗೆ ತಡವಾಗಿಲ್ಲ ಎಂದು ಹೇಳಲು ನನಗೆ ಬೇರೆ ಸಾಕ್ಷಿ ಬೇಕಿಲ್ಲ.

ಅವರ ಹೆಸರು ನಿಂತದ್ದು ಏಕವ್ಯಕ್ತಿ ನೃತ್ಯಗಳಿಂದ. ಆದರೆ ಎಂಬತ್ತರ ದಶಕದ ಕೊನೆಯ ಹೊತ್ತಿಗೆ ಅವರು ಕೋಲ್ಕತ್ತದಲ್ಲಿ ‘ಆ್ಯಕ್ಷನ್ ಪ್ಲೇಯರ್ಸ್’ ಎಂಬ ಕಿವುಡ ಕಲಾವಿದರ ತಂಡದ ಜೊತೆ ಕೆಲಸಕ್ಕೆ ಇಳಿದರು. ಮುಂದೆ ಚೆನ್ನೈನ ಕ್ಲಾರ್ಕ್ ಕಿವುಡರ ಶಾಲೆಯ ಹೆಣ್ಣುಮಕ್ಕಳು, ಮಣಿಪುರದ ಪುಂಗ್ ಚೋಲೋಂ ಮದ್ದಳೆಗಾರರು, ಥಾಂಗ್-ತಾ ಕತ್ತಿವರಸೆಯವರು, ದೆಹಲಿಯ ಸಲಾಂ ಬಾಲಕ್ ಟ್ರಸ್ಟಿನಲ್ಲಿ ಬೆಳೆದ ಬೀದಿಮಕ್ಕಳು, ಎಲ್ಲರೂ ಅವರ ರಂಗಕ್ಕೆ ಬಂದರು. ಕಿವಿ ಕೇಳದ ಹುಡುಗಿಗೆ ತಾಳ ಹೇಗೆ ಕೊಡುತ್ತೀರಿ? ಎಣಿಕೆಯನ್ನು ಮೈಗೆ ಇಳಿಸಬೇಕು, ಪಕ್ಕದವಳ ಉಸಿರನ್ನೂ ಭುಜದ ಚಲನೆಯನ್ನೂ ಕಣ್ಣಂಚಿನಲ್ಲಿ ಹಿಡಿಯುವುದನ್ನು ಕಲಿಸಬೇಕು. ಹೀಗೆ ಕಲಿಸುವವರು ತಮ್ಮ ನೃತ್ಯದಲ್ಲೂ ಸಂಗೀತವನ್ನು ಆತುಕೊಳ್ಳುವುದನ್ನು ಬಿಡಬೇಕಾಗುತ್ತದೆ. ಅವರ ಕೊನೆಯ ದಶಕಗಳ ಆ ನಿಧಾನ, ಒಂದು ಸಣ್ಣ ಚಲನೆಯನ್ನು ನಿಮಿಷಗಟ್ಟಲೆ ಹಿಡಿದಿಡುವ ತಾಳ್ಮೆ, ಇವರ ಒಡನಾಟದಲ್ಲೇ ಪಕ್ವವಾಯಿತು ಎಂದು ನಾನು ನಂಬಿದ್ದೇನೆ. ಎಪ್ಪತ್ತು ದಾಟಿದರೂ ಅವರು ರಂಗದಲ್ಲಿದ್ದರು, 2020ರ ಡಿಸೆಂಬರಿನಲ್ಲಿ ತೀರಿಕೊಂಡರು. ಮಣಿಪುರದ ಹುಡುಗರು ಮದ್ದಳೆ ಬಾರಿಸುತ್ತ ಗಾಳಿಗೆ ಜಿಗಿಯುವಾಗ ನಡುವೆ ದೇಬೂ ಮೆಲ್ಲಗೆ ಸುತ್ತುತ್ತಿದ್ದರು. ಅಷ್ಟು ದೀರ್ಘ ವೃತ್ತಿ ಒಬ್ಬರೇ ಕುಣಿದು ಸಾಗುವಂಥದ್ದಲ್ಲ.

ಇನ್ನೂ ಹಿಂದಕ್ಕೆ ಹೋದರೆ ಅಲ್ಮೋರಾ ಇದೆ. ನರ್ತಕ ಉದಯ ಶಂಕರ್ 1930ರ ದಶಕದ ಕೊನೆಯಲ್ಲಿ ಹಿಮಾಲಯದ ಮಡಿಲಿನ ಆ ಊರಿನಲ್ಲಿ ಒಂದು ಕಲಾಕೇಂದ್ರ ತೆರೆದರು. ಕಥಕ್ಕಳಿಗೆ ಶಂಕರನ್ ನಂಬೂದಿರಿ, ಭರತನಾಟ್ಯಕ್ಕೆ ಕಂದಪ್ಪ ಪಿಳ್ಳೈ, ಮಣಿಪುರಿಗೆ ಅಮೋಬಿ ಸಿಂಗ್, ಸಂಗೀತಕ್ಕೆ ಉಸ್ತಾದ್ ಅಲ್ಲಾವುದ್ದೀನ್ ಖಾನ್. ಒಂದೇ ಬೆಟ್ಟದ ಮೇಲೆ ಅಷ್ಟು ದೊಡ್ಡ ಗುರುಗಳು! ಕೇಂದ್ರ ಐದಾರು ವರ್ಷವೂ ಸರಿಯಾಗಿ ನಡೆಯದೆ 1944ರ ಹೊತ್ತಿಗೆ ಮುಚ್ಚಿತು. ಆದರೆ ಅಲ್ಲಿ ಕೂಡಿದ್ದ ಬಳಗ ಚದುರಿದ ಕಡೆಯೆಲ್ಲ ಹೊಸದನ್ನು ಕಟ್ಟಿತು. ಶಾಂತಿ ಬರ್ಧನ್ ಇಪ್ಟಾ ಎಂಬ ಜನಪರ ರಂಗಸಂಘದ ತಂಡಕ್ಕೆ ನೃತ್ಯ ಸಂಯೋಜಿಸಿ ಮುಂದೆ ಲಿಟ್ಲ್ ಬ್ಯಾಲೆ ಟ್ರೂಪ್ ಕಟ್ಟಿದರು. ನರೇಂದ್ರ ಶರ್ಮಾ ದೆಹಲಿಯಲ್ಲಿ ‘ಭೂಮಿಕಾ’ ಕಟ್ಟಿದರು. ಜೊಹ್ರಾ ಸೆಹಗಲ್ ನಟಿಯಾಗಿ ಬೆಳೆದರು. ಬೆಂಗಳೂರಿನಲ್ಲಿ ಹುಟ್ಟಿದ ನಮ್ಮ ಗುರುದತ್ ಪಡುಕೋಣೆ ಕೂಡ ಹದಿಹರೆಯದಲ್ಲಿ ಅಲ್ಲಿ ಕುಣಿತ ಕಲಿತವರೇ. ಅವರ ಚಿತ್ರಗಳಲ್ಲಿ ಹಾಡು ಬಂದಾಗ ಕ್ಯಾಮೆರಾ ನಡೆಯುವ ರೀತಿ ನೋಡಿದರೆ ಅಲ್ಮೋರಾ ನೆನಪಾಗದೆ ಇರದು. ಹಾಗಾಗಿ ಒಂದು ಸಂಸ್ಥೆಗೆ ಸೇರುವಾಗ ಅದರ ಕಟ್ಟಡ, ಹೆಸರು ನೋಡುವುದಕ್ಕಿಂತ ಅಲ್ಲಿ ಜೊತೆಗೆ ಕಲಿಯುವವರು ಯಾರು ಎಂದು ನೋಡಿ. ನಾಳೆ ನಿಮ್ಮ ಕೈ ಹಿಡಿಯುವವರು ಅವರು.

ಚೆನ್ನೈಯ ಕಥೆಯನ್ನೂ ಹೇಳಬೇಕು. ಭರತನಾಟ್ಯದಿಂದ ಬಂದ ನಿಮಗೆ ಇದು ಹತ್ತಿರವಾದದ್ದು. ನೃತ್ಯ ಸಂಯೋಜಕಿ ಚಂದ್ರಲೇಖಾ 1985ರಲ್ಲಿ ‘ಅಂಗಿಕ’ ಮಾಡಿದಾಗ ಭರತನಾಟ್ಯದ ಪಕ್ಕದಲ್ಲಿ ಕೇರಳದ ಕಾಳಗಕಲೆ ಕಳರಿಪ್ಪಯಟ್ಟು, ಯೋಗ ನಿಂತವು. ದೇವರ ಕಥೆ ಬದಿಗೆ ಸರಿದು ಬೆನ್ನುಮೂಳೆ, ಅರೆಮಂಡಿ, ಉಸಿರು ಇವೇ ವಸ್ತುವಾದವು. ಬೆಸೆಂಟ್ ನಗರದ ಕಡಲ ದಂಡೆಯ ಅವರ ಮನೆಯಂಗಳದಲ್ಲಿ ನರ್ತಕರು, ಕಳರಿ ಪಟುಗಳು, ಬರಹಗಾರರು, ಚಿತ್ರಕಾರರು ಬಂದು ಕೂರುತ್ತಿದ್ದರು. ಅಲ್ಲಿಗೆ ಬಂದವರಲ್ಲಿ ಒಬ್ಬರು ಪದ್ಮಿನಿ ಚೆಟ್ಟೂರ್. ರಸಾಯನಶಾಸ್ತ್ರ ಓದಿದ್ದ ಅವರು ಇಪ್ಪತ್ತೊಂದರ ಆಸುಪಾಸಿನಲ್ಲಿ, 1991ರಲ್ಲಿ, ಚಂದ್ರಲೇಖಾ ತಂಡ ಸೇರಿ ಹತ್ತು ವರ್ಷ ಅಲ್ಲಿ ಕುಣಿದರು. ಆಮೇಲೆ ಹೊರಬಂದು ಗುರುವಿನ ಭಾಷೆಯನ್ನೂ ಮೀರಿ ಇನ್ನಷ್ಟು ಕಟ್ಟುನಿಟ್ಟಾದ, ಒಂದು ಮಣಿಕಟ್ಟಿನ ತಿರುವಿಗೂ ಲೆಕ್ಕ ಕೇಳುವ ತಮ್ಮದೇ ಭಾಷೆ ಕಂಡುಕೊಂಡರು. ಪ್ರೀತಿ ಆತ್ರೇಯ ಮತ್ತಿತರರ ಜೊತೆ ಸೇರಿ ‘ಬೇಸ್‌ಮೆಂಟ್ 21’ ಎಂಬ ಕೂಟ ಕಟ್ಟಿದರು. ಪ್ರೀತಿಯವರು 2015ರ ಸುಮಾರಿಗೆ ಮಾಡಿದ ‘ಜಂಪಿಂಗ್ ಪ್ರಾಜೆಕ್ಟ್’ನಲ್ಲಿ ಹತ್ತು ಜನ ಜಿಗಿಯುತ್ತಾರೆ, ಜಿಗಿಯುತ್ತಲೇ ಇರುತ್ತಾರೆ. ಒಬ್ಬರ ಲಯ ಇನ್ನೊಬ್ಬರನ್ನು ಎತ್ತುತ್ತದೆ, ಒಬ್ಬರು ದಣಿದದ್ದು ಹತ್ತೂ ಜನಕ್ಕೆ ತಿಳಿಯುತ್ತದೆ. ಹಿರಿಯರ ಅಂಗಳ, ಹತ್ತು ವರ್ಷದ ಒಡನಾಟ, ಆಮೇಲೆ ಸಮವಯಸ್ಕರ ಕೂಟ. ಸಮಕಾಲೀನ ನೃತ್ಯದಲ್ಲಿ ಇದಕ್ಕಿಂತ ಗಟ್ಟಿಯಾದ ವೃತ್ತಿಪಥವನ್ನು ನಾನು ಕಂಡಿಲ್ಲ. ಈ ಹತ್ತು ವರ್ಷ ಎನ್ನುವುದನ್ನು ದಯವಿಟ್ಟು ಗಮನಿಸಿ. ಎರಡು ವಾರದ ಕಾರ್ಯಾಗಾರಗಳ ಪ್ರಮಾಣಪತ್ರಗಳನ್ನು ಜೋಡಿಸುತ್ತ ಹೋಗುವುದು ಈಗ ಎಲ್ಲೆಡೆ ನಡೆದಿದೆ. ದೇಹ ಅಷ್ಟು ಬೇಗ ಏನನ್ನೂ ನಂಬುವುದಿಲ್ಲ.

ಇಲ್ಲಿಯವರೆಗೆ ಹೇಳಿದ್ದು ಕಲಾವಿದರ ಬಳಗದ ಮಾತು. ಸಮುದಾಯಕ್ಕೆ ಇನ್ನೊಂದು ಮುಖವೂ ಇದೆ: ತಾವು ನರ್ತಕರೆಂದು ಎಂದೂ ಅಂದುಕೊಳ್ಳದ ಜನ. ಕ್ಯಾಲಿಫೋರ್ನಿಯಾದ ನರ್ತಕಿ ಆ್ಯನಾ ಹಾಲ್‌ಪ್ರಿನ್ ತಮ್ಮ ಮನೆಯ ಕೆಳಗೆ, ಮರಗಳ ನಡುವೆ ಕಟ್ಟಿದ ಹಲಗೆಯ ಜಗಲಿಯಲ್ಲಿ ತಲೆಮಾರುಗಳಿಗೆ ಕಲಿಸಿದವರು. 1969ರಲ್ಲಿ ಲಾಸ್ ಏಂಜಲಿಸ್‌ನ ವಾಟ್ಸ್ ಬಡಾವಣೆಯ ಕಪ್ಪು ನರ್ತಕರನ್ನೂ ಸ್ಯಾನ್ ಫ್ರಾನ್ಸಿಸ್ಕೊದ ತಮ್ಮ ಬಿಳಿಯ ನರ್ತಕರನ್ನೂ ಒಂದುಗೂಡಿಸಿ ಕೃತಿ ಮಾಡಿದರು. ನಾಲ್ಕು ವರ್ಷ ಹಿಂದಷ್ಟೇ ಆ ಬಡಾವಣೆ ಗಲಭೆಯಲ್ಲಿ ಉರಿದಿತ್ತು. 1981ರ ಹೊತ್ತಿಗೆ ಅವರೂರಿನ ತಮಲ್ಪಾಯಿಸ್ ಬೆಟ್ಟದ ಕಾಲುದಾರಿಗಳಲ್ಲಿ ಹೆಂಗಸರ ಕೊಲೆಗಳಾಗಿ ಜನ ಬೆಟ್ಟಕ್ಕೆ ಹೋಗುವುದನ್ನೇ ಬಿಟ್ಟಿದ್ದರು. ಹಾಲ್‌ಪ್ರಿನ್ ಊರಿನವರನ್ನು ಸೇರಿಸಿ, ಬೆಟ್ಟವನ್ನು ಮರಳಿ ತಮ್ಮದಾಗಿಸಿಕೊಳ್ಳುವ ನೃತ್ಯವೊಂದನ್ನು ಕಟ್ಟಿದರು. ಸ್ವಲ್ಪ ಸಮಯದಲ್ಲೇ ಕೊಲೆಗಾರ ಸಿಕ್ಕಿಬಿದ್ದ. ನೃತ್ಯದಿಂದ ಅವನು ಸಿಕ್ಕ ಎಂದು ನಾನು ಹೇಳಲಾರೆ. ಆದರೆ ಆ ಜನ ಪ್ರತಿವರ್ಷ ಸೇರಿ ಕುಣಿಯುವುದನ್ನು ನಿಲ್ಲಿಸಲಿಲ್ಲ. ವೃತ್ತಾಕಾರವಾಗಿ ಓಡುವ ಒಬ್ಬೊಬ್ಬರೂ ತಾನು ಯಾರಿಗಾಗಿ ಓಡುತ್ತಿದ್ದೇನೆ ಎಂದು ಗಟ್ಟಿಯಾಗಿ ಹೇಳಿ ಓಡುತ್ತಾರೆ. ಹಾಲ್‌ಪ್ರಿನ್ ನೂರು ವರ್ಷ ಬದುಕಿ 2021ರಲ್ಲಿ ತೀರಿಕೊಂಡರು.

ಜರ್ಮನಿಯ ನೃತ್ಯ ಸಂಯೋಜಕಿ ಪೀನಾ ಬಾಉಶ್ ಬೇರೆ ದಾರಿ ಹಿಡಿದರು. 1978ರಲ್ಲಿ ತಮ್ಮ ನುರಿತ ನರ್ತಕರಿಗಾಗಿ ಮಾಡಿದ್ದ ‘ಕೊಂಟಾಕ್ಟ್‌ಹೋಫ್’ ಕೃತಿಯನ್ನು 2000ದಲ್ಲಿ ವುಪ್ಪರ್ಟಾಲ್ ಊರಿನ 65 ದಾಟಿದ ಸಾಮಾನ್ಯ ಗಂಡಸರು ಹೆಂಗಸರಿಗೆ ಕಲಿಸಿದರು. 2008ರಲ್ಲಿ ಅದನ್ನೇ ಹದಿಹರೆಯದವರಿಗೆ. ಮಟ್ಟ ಇಳಿಸಲಿಲ್ಲ, ಅದೇ ಹೆಜ್ಜೆ, ಅದೇ ಕಟ್ಟು. ಪ್ರೀತಿಗಾಗಿ ಹಂಬಲಿಸುವ ಅದೇ ನಡೆಗಳು ಎಪ್ಪತ್ತರ ಅಜ್ಜಿಯ ಮೈಯಲ್ಲಿ ಬೇರೆಯೇ ಅರ್ಥ ಪಡೆಯುತ್ತವೆ. ಊರಿನವರಿಗೆ ಕಲಿಸುವುದು ಅಂದರೆ ಸುಲಭದ್ದನ್ನು ಕಲಿಸುವುದು ಎಂದು ತಿಳಿದವರಿಗೆ ನಾನು ಯಾವಾಗಲೂ ಈ ಉದಾಹರಣೆ ಕೊಡುತ್ತೇನೆ.

ಆದರೆ ಸಮುದಾಯ ಎನ್ನುವ ಮಾತನ್ನು ಭರತನಾಟ್ಯ ಕಲಿತವರು ಹಗುರವಾಗಿ ಆಡುವ ಹಾಗಿಲ್ಲ. ನೀವು ಕಲಿತ ಅಡವು, ಪದ, ಜಾವಳಿಗಳನ್ನು ಶತಮಾನಗಳ ಕಾಲ ಮೈಯಲ್ಲಿ ಕಾಪಾಡಿಕೊಂಡು ಬಂದ ದೇವದಾಸಿ ಪರಂಪರೆಯ ಸಮುದಾಯಗಳ ಹೆಣ್ಣುಮಕ್ಕಳೇ ಇಪ್ಪತ್ತನೆಯ ಶತಮಾನದಲ್ಲಿ ರಂಗದಿಂದ ಹೊರಬಿದ್ದರು. ಅವರ ಕಲೆಗೆ ಗೌರವ ಬಂತು, ಅವರಿಗೆ ಬರಲಿಲ್ಲ. ನಮ್ಮ ಮೈಸೂರಿನ ಜಟ್ಟಿ ತಾಯಮ್ಮನವರ ಶಿಷ್ಯೆ, ಲಂಬಾಣಿ ತಾಂಡಾದಲ್ಲಿ ಹುಟ್ಟಿದ ವೆಂಕಟಲಕ್ಷಮ್ಮನವರು ಅರಮನೆಯ ಆಸ್ಥಾನದಿಂದ ಮೈಸೂರು ವಿಶ್ವವಿದ್ಯಾಲಯದ ತರಗತಿಯವರೆಗೆ ಆ ಅಭಿನಯವನ್ನು ತಂದರು, 1992ರಲ್ಲಿ ಪದ್ಮಭೂಷಣ ಪಡೆದರು. ಅವರಂಥವರು ಅಪರೂಪ. ಹಾಗಾಗಿ ನಾಳೆ ನೀವು ಹಳ್ಳಿಗೆ ಹೋಗಿ ಡೊಳ್ಳು ಕುಣಿತ ಕಲಿತು ನಿಮ್ಮ ಕೃತಿಗೆ ತರುವುದಾದರೆ, ಬೀರೇಶ್ವರನ ಮುಂದೆ ಡೊಳ್ಳು ಬಾರಿಸುವವರ ಹೆಸರು ನಿಮ್ಮ ಪೋಸ್ಟರಿನಲ್ಲಿ ನಿಮ್ಮ ಹೆಸರಿನಷ್ಟೇ ದೊಡ್ಡದಾಗಿ ಇರಲಿ. ಸಂಭಾವನೆಯ ಮಾತು ಮೊದಲ ದಿನವೇ ಆಗಲಿ. ಮೂರು ದಿನದಲ್ಲಿ ಕಲಿತು ಬರುವ ಯೋಚನೆ ಇದ್ದರೆ ಹೋಗುವುದೇ ಬೇಡ. ದೇಬೂ ಅವರು ಕಿವುಡ ಕಲಾವಿದರ ಜೊತೆ ಇದ್ದದ್ದು ಹತ್ತಾರು ವರ್ಷ.

ಈಗ ಊರು ಬಿಡುವ ಪ್ರಶ್ನೆ. ತರಬೇತಿಗಾಗಿ ಬೆಂಗಳೂರಿಗೆ ಹೋಗಿ, ಒಂದೆರಡು ವರ್ಷವಾದರೂ ಇರಿ. ಆ ಊರಿನಲ್ಲಿ ಈ ಕಲೆಗೆ ಬೇರು ಇದೆ. ಮಾಸ್ಕೋದಲ್ಲಿ ನೃತ್ಯ ಸಂಯೋಜನೆ ಓದಿ ಬಂದ ಮಾಯಾ ರಾವ್ ಅದನ್ನು ಒಂದು ಶಾಸ್ತ್ರವಾಗಿ ಇಲ್ಲಿ ಕಲಿಸಿದರು. ಅವರ ಮಗಳು ಮಧು ನಟರಾಜ್ 1995ರಲ್ಲಿ ‘ಸ್ಟೆಮ್’ ತಂಡ ಕಟ್ಟಿದರು. ಜಯಚಂದ್ರನ್ ಪಾಲಾಳಿ ಅವರ ‘ಅಟ್ಟಕ್ಕಲರಿ’ ಸಮಕಾಲೀನ ನರ್ತಕರನ್ನು ತಯಾರು ಮಾಡುವ ಡಿಪ್ಲೊಮಾ ನಡೆಸಿತು, 2000ದಿಂದ ಅಂತರರಾಷ್ಟ್ರೀಯ ಉತ್ಸವಕ್ಕೆ ಜಗತ್ತಿನ ತಂಡಗಳನ್ನು ಕರೆಸಿತು. ಇಂದು ಬೆಂಗಳೂರಿನಲ್ಲಿ ಸ್ವತಂತ್ರವಾಗಿ ಕೆಲಸ ಮಾಡುವ ಎಷ್ಟೋ ನರ್ತಕರು ಅಲ್ಲಿಂದ ಹೊರಬಂದವರು. ಎಲ್ಲಿಗೇ ಸೇರುವುದಿದ್ದರೂ ಸೇರುವ ಮೊದಲು ಹೋಗಿ ಒಂದು ದಿನ ಕೂತು ನೋಡಿ. ತರಗತಿ ಮುಗಿದ ಮೇಲೆ ಸಭಾಂಗಣ ವಿದ್ಯಾರ್ಥಿಗಳ ಸ್ವಂತ ಅಭ್ಯಾಸಕ್ಕೆ ಸಿಗುತ್ತದೆಯೇ? ಹಳೆಯ ವಿದ್ಯಾರ್ಥಿಗಳು ಬಂದು ಹೋಗುತ್ತಾರೆಯೇ? ನೆಲ ಹಲಗೆಯದೋ, ಸಿಮೆಂಟಿನದೋ? ಸಿಮೆಂಟಾದರೆ ಯೋಚಿಸಿ. ಸಮಕಾಲೀನ ನೃತ್ಯದಲ್ಲಿ ನೆಲಕ್ಕೆ ಬೀಳುವುದು, ಉರುಳುವುದು, ಜಿಗಿದು ಇಳಿಯುವುದು ದಿನದ ಪಾಠ. ಗಟ್ಟಿ ನೆಲದ ಪೆಟ್ಟು ಮಂಡಿಗೂ ಸೊಂಟಕ್ಕೂ ಹೋಗುತ್ತದೆ. ತಟ್ಟಡವು ತಟ್ಟಿ ಬೆಳೆದ ನಿಮ್ಮ ಮಂಡಿಗಳು ಈಗಾಗಲೇ ಸಾಕಷ್ಟು ದುಡಿದಿವೆ.

ಹಾಗೆಂದು ದಾವಣಗೆರೆಯನ್ನು ಬಿಟ್ಟುಬಿಡಬೇಡಿ. ಅದು ರಂಗನಟಿ ಚಿಂದೋಡಿ ಲೀಲಾ ಅವರ ಊರು. ಕಂಪನಿ ನಾಟಕ ನೋಡಲು ದುಡ್ಡು ಕೊಟ್ಟು ಟಿಕೆಟ್ ತೆಗೆದುಕೊಂಡು ಕೂರುವ ಜನ ಅಲ್ಲಿದ್ದರು, ಅವರ ಮೊಮ್ಮಕ್ಕಳು ಈಗಲೂ ಇದ್ದಾರೆ. ಹತ್ತಿರದಲ್ಲೇ ನಾಟಕದ ಊರು ಸಾಣೇಹಳ್ಳಿಯಿದೆ, ಸ್ವಲ್ಪ ದೂರದಲ್ಲಿ ಹೆಗ್ಗೋಡಿನ ರಂಗಸಂಸ್ಥೆ ನೀನಾಸಂ ಇದೆ. ಜಿಲ್ಲೆಗಳಲ್ಲಿ ಸಮಕಾಲೀನ ನೃತ್ಯಕ್ಕೆ ಮೊದಲ ನೆಂಟರು ನಾಟಕದವರೇ. ದೇಹವನ್ನು ಪಳಗಿಸುವವರ ಅಗತ್ಯ ಅವರಿಗಿದೆ, ರಂಗದ ಮೇಲೆ ಸುಮ್ಮನೆ ನಿಲ್ಲುವುದು ಹೇಗೆಂಬ ಪಾಠ ನಿಮಗೆ ಅವರಿಂದ ಸಿಗುತ್ತದೆ. ಈಗಲೇ ನಾಲ್ಕೈದು ಜನರನ್ನು ಹುಡುಕಿ. ಎಲ್ಲರೂ ನರ್ತಕರೇ ಆಗಬೇಕಿಲ್ಲ. ಕಬಡ್ಡಿ ಆಡುವ ಹುಡುಗಿ, ಯೋಗ ಕಲಿಸುವವರು, ನಾಟಕದ ಹುಡುಗ, ಡೊಳ್ಳು ಬಾರಿಸುವವರು ಬರಲಿ. ವಾರಕ್ಕೆರಡು ಬೆಳಗ್ಗೆ ಶಾಲೆಯ ಸಭಾಂಗಣವನ್ನೋ ಮದುವೆಯಿಲ್ಲದ ದಿನ ಕಲ್ಯಾಣಮಂಟಪವನ್ನೋ ಕೇಳಿ ಪಡೆಯಿರಿ. ಒಂದು ಬೆಳಗ್ಗೆ ನೀವು ನಡೆಸಿ, ಮುಂದಿನದನ್ನು ಇನ್ನೊಬ್ಬರು ನಡೆಸಲಿ. ಎಲ್ಲವನ್ನೂ ನೀವೇ ನಡೆಸಿದರೆ ಅದು ಟ್ಯೂಷನ್ ಆಗಿಬಿಡುತ್ತದೆ.

ಮೈ ಮುಟ್ಟುವ ವಿಷಯವನ್ನು ಮೊದಲೇ ಮಾತಾಡಿಕೊಳ್ಳಿ. 1972ರಲ್ಲಿ ಅಮೆರಿಕದ ಸ್ಟೀವ್ ಪ್ಯಾಕ್ಸ್ಟನ್ ಶುರುಮಾಡಿದ ಕಾಂಟ್ಯಾಕ್ಟ್ ಇಂಪ್ರೊವೈಸೇಷನ್ ಎಂಬ ಪದ್ಧತಿಯಲ್ಲಿ ಇಬ್ಬರು ಒಬ್ಬರ ಭಾರವನ್ನು ಇನ್ನೊಬ್ಬರಿಗೆ ಕೊಟ್ಟು ತೆಗೆದುಕೊಂಡು ಚಲಿಸುತ್ತಾರೆ. ಇಂದಿನ ಸಮಕಾಲೀನ ತರಗತಿಗಳಲ್ಲಿ ಅದರ ಅಂಶ ಇದ್ದೇ ಇರುತ್ತದೆ. ಬೇರೆಬೇರೆ ಊರುಗಳಲ್ಲಿ ಅದನ್ನು ಹೇಗೆಂದರೆ ಹಾಗೆ ಮಾಡಿ ಪೆಟ್ಟು ಮಾಡಿಕೊಳ್ಳುತ್ತಾರೆ ಎಂಬ ಆತಂಕ ಹುಟ್ಟಿದಾಗ, ಹೆಸರನ್ನು ನೋಂದಾಯಿಸಿ ಹಿಡಿತದಲ್ಲಿಡುವ ಯೋಚನೆ ಅದರ ಮೊದಲಿಗರಿಗೆ ಬಂದಿತ್ತು. ಅದನ್ನು ಕೈಬಿಟ್ಟು 1975ರಲ್ಲಿ ಒಂದು ಪುಟ್ಟ ಪತ್ರಿಕೆ ಹೊರಡಿಸಿದರು, ಅನುಭವ ಹಂಚಿಕೊಳ್ಳಿ ಎಂದರು. ಆ ಔದಾರ್ಯ ನನಗೆ ತುಂಬ ಇಷ್ಟ. ಆದರೆ ನಮ್ಮ ಊರುಗಳಲ್ಲಿ ಗಂಡು ಹೆಣ್ಣು ಮೈತಾಗಿ ಕುಣಿಯುವುದು ಸಣ್ಣ ಸಂಗತಿಯಲ್ಲ, ಮೈಮುಟ್ಟುವ ನೆಪದಲ್ಲಿ ಮಿತಿ ಮೀರುವವರೂ ಇರುತ್ತಾರೆ. ಆದ್ದರಿಂದ ಮೊದಲ ತಿಂಗಳು ಬೆನ್ನಿಗೆ ಬೆನ್ನು, ಅಂಗೈಗೆ ಅಂಗೈ ಅಷ್ಟೇ ಸಾಕು. ಯಾರು ಯಾವಾಗ ‘ಬೇಡ’ ಅಂದರೂ ಕಾರಣ ಕೇಳದೆ ನಿಲ್ಲಿಸಬೇಕು ಎಂದು ಮೊದಲೇ ಎಲ್ಲರೂ ಒಪ್ಪಿಕೊಂಡಿರಬೇಕು. ಬಾಗಿಲು ತೆರೆದಿರಲಿ. ಮನೆಯವರು ಬಂದು ನೋಡುವುದಾದರೆ ನೋಡಲಿ.

ಮೂರು ತಿಂಗಳಿಗೊಮ್ಮೆ ಮಾಡಿದ್ದನ್ನು ಇಪ್ಪತ್ತು ಜನರ ಮುಂದೆ ತೋರಿಸಿ, ಅರೆಬರೆಯಾಗಿದ್ದರೂ ಪರವಾಗಿಲ್ಲ. ನೋಡಿದ ಮೇಲೆ ಮಾತು ಹೇಗೆ ನಡೆಯಬೇಕು ಎನ್ನುವುದಕ್ಕೆ ಅಮೆರಿಕದ ನೃತ್ಯ ಸಂಯೋಜಕಿ ಲಿಜ್ ಲರ್ಮನ್ 1990ರಲ್ಲಿ ಒಂದು ಕ್ರಮ ರೂಪಿಸಿದ್ದಾರೆ. ನಾನು ಅದನ್ನೇ ಬಳಸುತ್ತೇನೆ. ಮೊದಲು ನೋಡಿದವರು ತಮಗೆ ನಾಟಿದ್ದು ಯಾವುದು ಎಂದಷ್ಟೇ ಹೇಳಬೇಕು. ಆಮೇಲೆ ಕಲಾವಿದೆ ತನ್ನ ಅನುಮಾನಗಳನ್ನು ಕೇಳಬೇಕು. ನಂತರ ನೋಡಿದವರು ಪ್ರಶ್ನೆ ಕೇಳಬಹುದು, ಪ್ರಶ್ನೆಯೊಳಗೆ ತೀರ್ಪು ಅಡಗಿರಬಾರದು. ಕೊನೆಗೆ, ಕಲಾವಿದೆ ಒಪ್ಪಿದರೆ ಮಾತ್ರ, ಅಭಿಪ್ರಾಯ. ನಮ್ಮಲ್ಲಿ ಪ್ರದರ್ಶನ ಮುಗಿದೊಡನೆ ‘ತುಂಬಾ ಚೆನ್ನಾಗಿತ್ತು’ ಎಂದು ಶಾಲು ಹೊದಿಸಿ ಕಳಿಸುತ್ತಾರೆ, ಇಲ್ಲವೇ ಬೆನ್ನ ಹಿಂದೆ ಆಡಿಕೊಳ್ಳುತ್ತಾರೆ. ಇದರಿಂದ ಕಲಾವಿದರು ಬೆಳೆಯುವುದಿಲ್ಲ. ಈ ಕ್ರಮದಲ್ಲಿ ಕೆಲವು ಸಲ ಕೂತ ಮೇಲೆ ಕಿರಾಣಿ ಅಂಗಡಿಯವರೂ ಎಷ್ಟು ಸೂಕ್ಷ್ಮವಾಗಿ ನೋಡುತ್ತಾರೆ ಎಂದು ನಿಮಗೇ ಗೊತ್ತಾಗುತ್ತದೆ. ಬಲ್ಲ ಪ್ರೇಕ್ಷಕರು ಹೀಗೆಯೇ ತಯಾರಾಗುವುದು.

ಹೊಟ್ಟೆಪಾಡಿನ ವಿಷಯದಲ್ಲಿ ನಿಮ್ಮ ತಂದೆಯವರು ಕೇಳುತ್ತಿರುವುದು ನ್ಯಾಯವಾದ ಪ್ರಶ್ನೆ, ಅವರಿಗೆ ಸ್ಪಷ್ಟ ಉತ್ತರ ಸಿಗಬೇಕು. ಸಮಕಾಲೀನ ನೃತ್ಯದ ಪ್ರದರ್ಶನದಿಂದಲೇ ಬದುಕುವವರು ಈ ದೇಶದಲ್ಲಿ ಬೆರಳೆಣಿಕೆಯಷ್ಟು. ಉಳಿದವರೆಲ್ಲ ಶಾಲೆಗಳಲ್ಲಿ ಕಲಿಸುತ್ತಾರೆ, ನಾಟಕಗಳಿಗೆ ಚಲನೆ ಸಂಯೋಜಿಸುತ್ತಾರೆ, ಸಿನಿಮಾ ಜಾಹೀರಾತುಗಳಲ್ಲಿ ಕೆಲಸ ಮಾಡುತ್ತಾರೆ, ಮದುವೆಯ ಸಂಗೀತ್‌ಗಳಿಗೂ ಹೆಜ್ಜೆ ಹಾಕಿಸುತ್ತಾರೆ. ಇದರಲ್ಲಿ ನಾಚಿಕೆಪಡುವಂಥದ್ದೇನೂ ಇಲ್ಲ. ಈ ಕೆಲಸಗಳಲ್ಲಿ ಬಹುಪಾಲು ಬರುವುದು ಪರಿಚಿತರ ಮೂಲಕವೇ. ಜೊತೆಗೆ ಕಲಿತವರು ಫೋನ್ ಮಾಡಿ ‘ಒಂದು ಶಾಲೆಯಲ್ಲಿ ಆರು ತಿಂಗಳ ಕೆಲಸವಿದೆ, ಬರ್ತೀರಾ?’ ಅನ್ನುತ್ತಾರೆ. ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್ 1995ರಿಂದ ಕಲಾವಿದರಿಗೆ ಅನುದಾನ ಕೊಡುತ್ತ ಬಂದಿದೆ. ಅದರ ‘ಕಲಿ-ಕಲಿಸು’ ಕಾರ್ಯಕ್ರಮ ಕರ್ನಾಟಕದ ಸರ್ಕಾರಿ ಶಾಲೆಗಳಲ್ಲಿ ಕಲೆಯನ್ನು ಪಾಠದೊಳಗೆ ತರುವ ಕಲಾವಿದರಿಗೂ ಶಿಕ್ಷಕರಿಗೂ ಇರುವಂಥದ್ದು. ನಿಮ್ಮ ಊರಿನ ಮಕ್ಕಳ ಜೊತೆ ಎರಡು ವರ್ಷ ಕೆಲಸ ಮಾಡಿದ ಅನುಭವ ಅಂಥ ಅರ್ಜಿಯಲ್ಲಿ ಯಾವ ಪ್ರಮಾಣಪತ್ರಕ್ಕಿಂತಲೂ ಹೆಚ್ಚು ತೂಗುತ್ತದೆ.

ಲೆಕ್ಕ ಬಲ್ಲವರಾಗಿರುವುದು ನಿಮ್ಮ ದೊಡ್ಡ ಬಲ. ಅನುದಾನದ ಬಜೆಟ್ ಬರೆಯಲು ಬಾರದೆ ಒಳ್ಳೆಯ ಕಲಾವಿದರು ಒದ್ದಾಡುವುದನ್ನು ನಾನು ದಿನವೂ ನೋಡುತ್ತೇನೆ. ಯಾವ ಬಳಗಕ್ಕೆ ಹೋದರೂ ನಿಮ್ಮ ಬಿ.ಕಾಂ.ಗೆ ಅಲ್ಲಿ ಬೇಡಿಕೆ ಇರುತ್ತದೆ. ನೀವು ಆ ಬಳಗಕ್ಕೆ ಕೊಡಬಹುದಾದ ಮೊದಲ ಕೊಡುಗೆಯೂ ಅದೇ ಆಗಬಹುದು. ಕಚೇರಿಯ ಕೆಲಸವನ್ನು ಈಗಲೇ ಬಿಡಬೇಡಿ. ಒಂದು ವರ್ಷದ ಖರ್ಚಿನಷ್ಟು ಉಳಿತಾಯ ಆಗುವವರೆಗೆ ಬೆಳಗಿನ ಅಭ್ಯಾಸವೂ ಹಗಲಿನ ಕೆಲಸವೂ ಒಟ್ಟಿಗೆ ಸಾಗಲಿ.

ಒಂದನ್ನು ಮಾತ್ರ ಮುಂದೂಡಬೇಡಿ. ಕೇಂದ್ರ ಸಂಸ್ಕೃತಿ ಸಚಿವಾಲಯ ಯುವ ಕಲಾವಿದರಿಗೆ ಎರಡು ವರ್ಷ, ತಿಂಗಳಿಗೆ 5,000 ರೂಪಾಯಿ ವಿದ್ಯಾರ್ಥಿವೇತನ ಕೊಡುತ್ತದೆ. ವಯೋಮಿತಿ 18ರಿಂದ 25. ಸಮಕಾಲೀನ ನೃತ್ಯಕ್ಕೆ ಅಲ್ಲಿ ಪ್ರತ್ಯೇಕ ವಿಭಾಗವಿಲ್ಲ, ಶಾಸ್ತ್ರೀಯ ನೃತ್ಯಕ್ಕೆ ಇದೆ. ಐದು ವರ್ಷಕ್ಕಿಂತ ಹೆಚ್ಚು ಕಾಲ ಗುರುಗಳಲ್ಲಿ ಭರತನಾಟ್ಯ ಕಲಿತಿರುವುದರಿಂದ ನೀವು ಅದರಡಿ ಅರ್ಜಿ ಹಾಕಬಹುದು. 25 ದಾಟಿದ ಮೇಲೆ ತಿಂಗಳಿಗೆ 10,000 ರೂಪಾಯಿಯ ಜೂನಿಯರ್ ಫೆಲೋಶಿಪ್ ಇದೆ, 40ರವರೆಗೆ. ನಿಮಗೆ ಇನ್ನೆರಡೇ ವರ್ಷ ಇರುವುದರಿಂದ ಈ ವರ್ಷದ ಪ್ರಕಟಣೆಗೆ ಕಾಯುತ್ತಲೇ ನಿಮ್ಮ ಭರತನಾಟ್ಯದ ಗುರುಗಳ ಹತ್ತಿರ ಹೋಗಿ, ಸಮಕಾಲೀನ ನೃತ್ಯ ಕಲಿಯುವ ಆಸೆಯನ್ನು ಅವರಲ್ಲಿ ಮುಚ್ಚಿಡದೆ ಹೇಳಿ, ಪ್ರಮಾಣಪತ್ರ ಬರೆಸಿಕೊಂಡು ಬನ್ನಿ. ಸಂದರ್ಶನದಲ್ಲಿ ನಿಮ್ಮನ್ನು ಭರತನಾಟ್ಯದಲ್ಲೇ ಪರೀಕ್ಷಿಸುತ್ತಾರೆ, ಹಾಗಾಗಿ ವರ್ಣವೊಂದನ್ನು ಗಟ್ಟಿ ಮಾಡಿಟ್ಟುಕೊಳ್ಳಿ.